ಹೋಲ್ಟ್ ಬೀದಿಯ ಪರದೆಗಳು

ಶುಕ್ರವಾರ ಬೆಳಿಗ್ಗೆ ಬೆರಿಲ್ ಮುಂದಿನ ಕೋಣೆಯ ಕಿಟಕಿ ಒರೆಸುತ್ತಿದ್ದಳು. ಬಕೆಟ್ಟಿನ ಬಿಸಿನೀರಿಗೆ ಒಂದಿಷ್ಟು ವಿನೆಗರ್, ಉಜ್ಜಲು ಮುದ್ದೆ ಮಾಡಿದ ಹಳೆಯ ಪತ್ರಿಕೆಯ ಹಾಳೆ. ಅವಳ ಅಜ್ಜಿ ಒರೆಸುತ್ತಿದ್ದುದೂ ಹಾಗೆಯೇ. ಬೆರಿಲ್ ಹೊರಗೆ ಗೇಟಿನೊಳಗೆ ನಿಂತು ಉಜ್ಜುತ್ತಿದ್ದರೆ, ಅದೇ ಗಾಜಿನ ಒಳಬದಿಯಲ್ಲಿ ಒಂಬತ್ತು ವರ್ಷದ ಮಗಳು ಲಿಂಡ್ಸೆ ಕುರ್ಚಿ ಹತ್ತಿ ನಿಂತು, ಬೆಣ್ಣೆ ಸವರುವ ಚಾಕುವಿನಿಂದ ಒಂದು ಮೂಲೆಯನ್ನು ಕೆರೆಯುತ್ತಿದ್ದಳು. ಯಾವತ್ತೋ ಅಂಟಿಸಿದ್ದ ಟೇಪಿನ ಕಂದು ಕಲೆಗಳು ಆ ಗಾಜಿನ ಮೇಲೆ ಹಾಗೇ ಉಳಿದುಬಿಟ್ಟಿದ್ದವು. ಶಾಲೆಗೆ ರಜೆ ಬಂದಾಗಲೆಲ್ಲ ಆ ಹುಡುಗಿಗೆ ಅದೊಂದು ಕೆಲಸ.

“ಸಾಕು ಬಿಡೇ, ಗಾಜಿಗೆ ಗೀರು ಬೀಳುತ್ತೆ” ಎಂದಳು ಬೆರಿಲ್. ಗಾಜಿನಾಚೆ ಲಿಂಡ್ಸೆ ತಲೆಯಾಡಿಸಿದಳು. ಕೈ ಮಾತ್ರ ನಿಲ್ಲಲಿಲ್ಲ.

ಎದುರು ಮನೆಯ ಎಡ್ನಾ ಹಾವರ್ತ್ ಹಾಲಿನ ಬಾಟಲಿ ಎತ್ತಿಕೊಳ್ಳಲು ಬಂದವಳು ಹೊಸಿಲ ಮೇಲೆಯೇ ನಿಂತಳು. “ಬೆರಿಲ್, ಇನ್ನೂ ಉಜ್ಜಿದ್ರೆ ಗಾಜೇ ಸವೆದುಹೋಗುತ್ತೆ ಕಣೇ. ಆಮೇಲೆ ನಿಮ್ಮನೆ ಒಲೆ ಮೇಲೇನಿದೆ ಅಂತ ನಂಗೆ ಇಲ್ಲಿಂದ್ಲೇ ಕಾಣುತ್ತೆ.”

“ಈಗ ಕಾಣ್ತಿಲ್ವಾ ಎಡ್ನಾ ಆಂಟಿ?”

“ಕಾಣುತ್ತೆ. ಸ್ವಲ್ಪ ಮಸುಕು ಮಸುಕು.”

ಬೆರಿಲ್ ನಗುತ್ತಿದ್ದಾಗಲೇ ಬೀದಿಯ ತಿರುವಿನಲ್ಲಿ ಒಂದು ಪುಟ್ಟ ಕಾರು ಬಂದು ನಿಂತಿತು. ಇಳಿದವರು ಮಿಸ್ ಕರ್ಷಾ. ಥ್ರೆಲ್ಡನ್ ಊರಿನ ಕನ್ಸರ್ವೇಟಿವ್ ಪಕ್ಷದ ಕಚೇರಿಯನ್ನು ಬಹಳ ವರ್ಷಗಳಿಂದ ನಡೆಸಿಕೊಂಡು ಬಂದವರು ಅವರೇ. ಅವರ ಆ ನೀಲಿ ಕೋಟು ಹೋಲ್ಟ್ ಬೀದಿಗೆ ಕಾಣಿಸುತ್ತಿದ್ದುದು ಚುನಾವಣೆಗೊಮ್ಮೆ ಮಾತ್ರ.

“ಅಯ್ಯೋ, ಎಲೆಕ್ಷನ್ ಬಂತಾ? ನಂಗ್ಯಾರೂ ಹೇಳ್ಲೇ ಇಲ್ವಲ್ಲ!” ಎಂದು ಎಡ್ನಾ ಕೂಗಿದಳು. ಮಿಸ್ ಕರ್ಷಾರ ಮುಖ ಕಂಡ ಮೇಲೆ ಬಾಟಲಿಯನ್ನು ಎದೆಗೆ ಅವುಚಿಕೊಂಡಳು.

ಮಿಸ್ ಕರ್ಷಾ ಬೆರಿಲ್‌ಳ ಹತ್ತಿರ ಬಂದು ಕೈಗವಸು ತೆಗೆದರು. “ಮಿಸೆಸ್ ನಟ್ಟಲ್, ನಿಮಗೆ ಫೋನಿಲ್ಲ. ಪೊಲೀಸಿನವರ ಬಾಯಿಂದ ಗೊತ್ತಾಗೋದು ಬೇಡ ಅಂತ ನಾನೇ ಬಂದೆ. ನಿಮ್ಮ ತಂದೆ ಹೋಗಿಬಿಟ್ರು. ಲಂಡನ್ನಿನ ರೂಮಲ್ಲಿ, ಮಲಗಿದ್ದ ಹಾಗೇ. ಹೃದಯ ನಿಂತುಹೋಯ್ತು ಅಂದ್ರು ಡಾಕ್ಟ್ರು.”

ಬೆರಿಲ್ ಕೈಯಲ್ಲಿದ್ದ ಕಾಗದದ ಮುದ್ದೆಯನ್ನು ನೋಡಿದಳು. ಆಮೇಲೆ ತಿರುಗಿ, ಅರ್ಧ ಒರೆಸಿದ್ದ ಗಾಜನ್ನು ಪೂರ್ತಿ ಒರೆಸಿದಳು. ನೀರು ಗೆರೆಗೆರೆಯಾಗಿ ಒಣಗಿದರೆ ಮತ್ತೆ ಮೊದಲಿಂದ ಶುರುಮಾಡಬೇಕು ಎಂಬುದೊಂದೇ ಆಗ ಅವಳ ತಲೆಯಲ್ಲಿದ್ದದ್ದು. ಗಾಜಿನಾಚೆ ಲಿಂಡ್ಸೆ ಚಾಕು ಕೆಳಗಿಳಿಸಿ ಅಮ್ಮನ ಮುಖವನ್ನೇ ನೋಡುತ್ತಿದ್ದಳು.

“ಮಂಗಳವಾರ ಚಾಪೆಲ್‌ನಲ್ಲಿ ಪ್ರಾರ್ಥನೆ” ಎಂದರು ಮಿಸ್ ಕರ್ಷಾ. “ ಅವರದ್ದೊಂದು ಆಸೆ ಇತ್ತು. ನನ್ನ ಹತ್ರ ಎಷ್ಟೋ ಸಲ ಹೇಳಿದ್ರು. ಚಾಪೆಲ್‌ಗೆ ಹೋಗೋಕೆ ಮುಂಚೆ ಶವದ ಗಾಡಿ ಹೋಲ್ಟ್ ಬೀದೀಲಿ ಬರ್ಬೇಕು, ಹುಟ್ಟಿದ ಮನೆ ಮುಂದೆ ಒಂದು ಗಳಿಗೆ ನಿಲ್ಬೇಕು ಅಂತ.”

ಹುಟ್ಟಿದ ಮನೆ ಎಂದರೆ ಇದೇ. ಬೆರಿಲ್ ಒರೆಸುತ್ತಿದ್ದ ಕಿಟಕಿಯ ಮನೆ.

*

ವಿಲ್ಫ್ರೆಡ್ ಆರ್ಮರಾಡ್ ಈ ಮನೆಯ ಮೇಲಿನ ಕೋಣೆಯಲ್ಲಿ ಹುಟ್ಟಿದವನು. ಅಪ್ಪನ ಮುಖ ನೆನಪಿರದಷ್ಟು ಚಿಕ್ಕವನಿದ್ದಾಗಲೇ ಅಪ್ಪ ತೀರಿಕೊಂಡ. ತಾಯಿ ಊರವರ ಬಟ್ಟೆ ಒಗೆದು ಅವನನ್ನು ಸಾಕಿದಳು. ಊರಿನ ಗಿರಣಿಯಲ್ಲಿ ಉಣ್ಣೆಯನ್ನು ಒತ್ತಿ ದಪ್ಪ ಬಟ್ಟೆ ಮಾಡುತ್ತಿದ್ದರು. ಹಿತ್ತಿಲಲ್ಲಿ ಬಿಸಾಡಿದ ಅದರ ಚೂರುಗಳನ್ನು ಹುಡುಗ ವಿಲ್ಫ್ ಹೆಕ್ಕಿ ತರುತ್ತಿದ್ದ. ತಾಯಿಯೂ ಮಗನೂ ಸೇರಿ ಅವನ್ನು ಹೊಲಿದು ಮನೆಯೊಳಗೆ ಮೆಟ್ಟುವ ಸ್ಲಿಪ್ಪರ್ ಮಾಡಿದರು. ಕೈಗಾಡಿಯಲ್ಲಿ ಹೇರಿಕೊಂಡು ಸಂತೆಗೆ ಹೋದರು. “ತಣ್ಣಗಿನ ಕಾಲಿಟ್ಕೊಂಡು ಬಿಸಿ ಮಾತಾಡೋಕಾಗುತ್ತೇನಮ್ಮಾ? ಬನ್ನಿ, ಮೆಟ್ಟಿ ನೋಡಿ, ದುಡ್ಡು ಆಮೇಲೆ!” ಎಂದು ಅವನು ಕೂಗುತ್ತಿದ್ದುದನ್ನು ನೆನೆದು ನಗುವ ಮುದುಕಿಯರು ಥ್ರೆಲ್ಡನ್ನಿನಲ್ಲಿ ಇನ್ನೂ ಇದ್ದರು. ಮುಂದೆ ಚಾಪೆಲ್ಲಿನ ಹಳೆಯ ಕುದುರೆಲಾಯ ಬಾಡಿಗೆಗೆ ಸಿಕ್ಕಿತು. ಅದಕ್ಕೊಂದು ಮಾಳಿಗೆ ಬಂತು. ಕೊನೆಗೆ ಹೊಳೆಯಂಚಿಗೆ ಇಟ್ಟಿಗೆಯ ಕಾರ್ಖಾನೆ ಎದ್ದು ಅರ್ಧ ಊರಿಗೆ ಅನ್ನವಾಯಿತು. ಎಲ್ಲರ ಬಾಯಲ್ಲೂ ಅವನು ಸ್ಲಿಪ್ಪರ್ ವಿಲ್ಫ್.

ಬೆರಿಲ್‌ಗೆ ಅಪ್ಪನ ನೆನಪಾದರೆ ಮೊದಲು ನೆನಪಾಗುವುದು ತನ್ನದೇ ಕಾಲು. ಚಿಕ್ಕಂದಿನಲ್ಲಿ ಅವಳಿಗೆ ಜೊತೆ ಕೂಡುವ ಸ್ಲಿಪ್ಪರ್ ಎಂದೂ ಇರಲಿಲ್ಲ. ಹೊಸ ಮಾದರಿ ಬಂದಾಗಲೆಲ್ಲ ಅಪ್ಪ ಅವಳ ಎಡಗಾಲಿಗೆ ಒಂದು ಬಗೆ, ಬಲಗಾಲಿಗೆ ಇನ್ನೊಂದು ಬಗೆ ಹಾಕುತ್ತಿದ್ದ. ಒಂದು ವಾರ ಓಡಾಡಿಸಿ, ಭಾನುವಾರ ಊಟವಾದ ಮೇಲೆ ಮಂಡಿಯೂರಿ ಕುಳಿತು ಅವಳ ಎರಡು ಪಾದಗಳನ್ನೂ ಅಂಗೈಯಲ್ಲಿ ಹಿಡಿದು, ದೊಡ್ಡವರನ್ನು ಕೇಳುವ ಹಾಗೆ ಗಂಭೀರವಾಗಿ ಕೇಳುತ್ತಿದ್ದ: “ಹೇಳಮ್ಮ, ಯಾವ ಕಾಲು ಹೆಚ್ಚು ಖುಷಿಯಾಗಿದೆ?” ಅವಳು ಎಡಗಾಲು ಎಂದರೆ ಕಾರ್ಖಾನೆಯಲ್ಲಿ ಎಡಗಾಲಿಗೆ ಹಾಕಿದ್ದ ಬಗೆಯೇ ಸಾವಿರಾರು ಜೊತೆ ತಯಾರಾಗುತ್ತಿತ್ತು. ತಾಯಿ ಬೇಗ ತೀರಿಕೊಂಡಿದ್ದ ಆ ಮನೆಯಲ್ಲಿ ಅಪ್ಪ ಮಗಳ ಮುಖ್ಯವಾದ ಮಾತುಕತೆ ಎಂದರೆ ಅದೇ.

ಅವನು ಊರಿನ ಕೌನ್ಸಿಲ್ಲಿಗೆ ಕನ್ಸರ್ವೇಟಿವ್ ಪಕ್ಷದಿಂದ ನಿಂತಾಗ ಹೋಲ್ಟ್ ಬೀದಿಗೆ ಬೀದಿಯೇ ಬಾಯಿ ಬಿಟ್ಟಿತು. ಬಟ್ಟೆ ಒಗೆಯುವವಳ ಮಗ ಧಣಿಗಳ ನೀಲಿ ಪಕ್ಷಕ್ಕೆ! “ನಾನು ಯಾರ ಮುಂದೂ ಕೈ ಚಾಚಿದವನಲ್ಲ. ನನ್ನ ಕಾಲ ಮೇಲೆ ನಾನು ನಿಂತೆ. ಎಲ್ಲರೂ ಹಾಗೇ ನಿಲ್ಲಲಿ ಅಂತೀನಿ, ಅದು ತಪ್ಪಾ?” ಎಂದು ಅವನು ಇದೇ ಕೋಣೆಯಲ್ಲಿ ಕುಳಿತು ತಾಯಿಯ ಹತ್ತಿರ ವಾದಿಸಿದ್ದ.

ಅಜ್ಜಿ ಹೆಣಿಗೆಯಿಂದ ತಲೆಯೆತ್ತದೆ ಹೇಳಿದ್ದಳು. “ನಿಲ್ಲು ಮಗಾ. ಆದ್ರೆ ಸುಳ್ಳು ಹೇಳ್ಬೇಡ. ಆ ಕೈಗಾಡಿ ಯಾರದು? ಎಡ್ನಾಳ ಅಪ್ಪಂದು. ಇನ್ನೂ ವಾಪಸ್ ಕೊಟ್ಟಿಲ್ಲ ನೀನು.”

ಅವನು ನಕ್ಕುಬಿಟ್ಟಿದ್ದ. ಆಗಿನ್ನೂ ನಗುವುದು ಗೊತ್ತಿತ್ತು ಅವನಿಗೆ.

ಆಮೇಲೆ ಮುಷ್ಕರ ಬಂತು. ಬಟ್ಟೆ ಕತ್ತರಿಸುವ ವಿಭಾಗಕ್ಕೆ ಹೊಸ ಯಂತ್ರ ತಂದು ಅರ್ಧ ಜನರನ್ನು ಬಿಡಿಸುವ ಮಾತೆದ್ದಿತ್ತು. ಯೂನಿಯನ್ನಿನ ಪರವಾಗಿ ಎದ್ದು ನಿಂತವನು ಕೀತ್ ನಟ್ಟಲ್, ಕತ್ತರಿಸುವವರಲ್ಲೇ ಅತ್ಯಂತ ಕಿರಿಯವನು. ಬೆರಿಲ್ ಕೀತ್‌ನನ್ನು ಮೆಚ್ಚಿಕೊಂಡಿದ್ದಳು. ಮೆಚ್ಚಿದವನನ್ನು ಕಾರ್ಖಾನೆಯ ಗೇಟಿನಾಚೆ ಚಳಿಯಲ್ಲಿ ಬಿಟ್ಟು ತಾನು ಬೆಚ್ಚಗೆ ಮನೆಯಲ್ಲಿ ಕೂರುವುದು ಅವಳಿಂದಾಗಲಿಲ್ಲ. ಚಹಾದ ಪಾತ್ರೆ ಹೊತ್ತುಕೊಂಡು ಹೋಗಿ ಮುಷ್ಕರದವರಿಗೆ ಲೋಟ ತುಂಬಿ ಕೊಟ್ಟಳು. ಅಪ್ಪನ ಕಾರು ಬಂತು. ಅವನು ಇಳಿದ. ಅವನು ನೇರ ಮಗಳ ಮುಂದೆ ಬಂದು, ಕೈ ನೀಡಿ ಒಂದು ಲೋಟ ತೆಗೆದುಕೊಂಡು, ನಿಂತಲ್ಲೇ ಪೂರ್ತಿ ಕುಡಿದ. “ಸಕ್ಕರೆ ಕಡಿಮೆ” ಎಂದು ಲೋಟ ಕೆಳಗಿಟ್ಟು ಗೇಟಿನೊಳಗೆ ಹೋದ.

ಅಪ್ಪ ಅವಳೊಡನೆ ಆಡಿದ ಕೊನೆಯ ಮಾತು ಅದು. ಅವಳು ಅಜ್ಜಿಯ ಮನೆಗೆ ಬಂದುಬಿಟ್ಟಳು. ಮದುವೆಗೆ ಅವನು ಬರಲಿಲ್ಲ. ಅಜ್ಜಿ ತೀರಿಕೊಂಡಾಗ ಸಮಾಧಿಯ ಆ ಬದಿಗೆ ಅವನು, ಈ ಬದಿಗೆ ಇವಳು. ಅವನಿಗೆ ಹಠ, ಇವಳಿಗೂ ಅದು ಅವನಿಂದಲೇ ಬಂದದ್ದು. ಮುಂದೆ ಅವನು ಪಾರ್ಲಿಮೆಂಟಿಗೆ ಗೆದ್ದ. ಅಲ್ಲಿನ ತನ್ನ ಕೋಣೆಯಲ್ಲಿ ಮೇಜಿನ ಕೆಳಗೆ ಸ್ಲಿಪ್ಪರ್ ಮೆಟ್ಟಿಕೊಂಡೇ ಕೂರುತ್ತಾನೆಂದು ಪತ್ರಿಕೆಯವರು ತಮಾಷೆ ಮಾಡಿದರು. ಎರಡೂ ಕೆಲಸ ಒಟ್ಟಿಗೆ ಆಗದೆಂದು ಕಾರ್ಖಾನೆಯನ್ನು ದೂರದ ಒಂದು ದೊಡ್ಡ ಕಂಪನಿಗೆ ಮಾರಿದ. ಅವರು ಸ್ವಲ್ಪ ಕಾಲ ನಡೆಸಿ, ಹೊರದೇಶದಿಂದ ಅಗ್ಗದ ಸ್ಲಿಪ್ಪರ್ ತರಿಸುವುದೇ ಲಾಭವೆಂದು ಬಾಗಿಲು ಮುಚ್ಚಿದರು. ವಿಲ್ಫ್ರೆಡ್ ಪಾರ್ಲಿಮೆಂಟಿನಲ್ಲಿ ಎದ್ದು ನಿಂತು, ವ್ಯಾಪಾರವೆಂದ ಮೇಲೆ ಅದು ತನ್ನ ಕಾಲ ಮೇಲೆ ತಾನೇ ನಿಲ್ಲಬೇಕು ಎಂದ. ಅಂದಿನಿಂದ ಹೋಲ್ಟ್ ಬೀದಿಯಲ್ಲಿ ಅವನ ಹೆಸರಿಗೆ ಸ್ಲಿಪ್ಪರ್ ಎಂದು ಸೇರಿಸಿ ಪ್ರೀತಿಯಿಂದ ಕರೆಯುವವರು ಯಾರೂ ಉಳಿಯಲಿಲ್ಲ.

*

ಥ್ರೆಲ್ಡನ್ನಿನಲ್ಲಿ ಹೆಣ ಹೋಗುವ ಬೀದಿಯವರೆಲ್ಲ ಮುಂದಿನ ಕಿಟಕಿಯ ಪರದೆ ಎಳೆಯುತ್ತಾರೆ. ಗಾಡಿ ದಾಟಿ ಹೋಗುವವರೆಗೆ ಮನೆಮನೆಯೂ ಕಣ್ಣು ಮುಚ್ಚಿಕೊಂಡ ಹಾಗೆ. ಕುಡುಕನಿಗೂ ಎಳೆಯುತ್ತಾರೆ, ಸಾಲಗಾರನಿಗೂ ಎಳೆಯುತ್ತಾರೆ. ಎಳೆಯದೆ ಬಿಟ್ಟರೆ ಅದೂ ಒಂದು ಮಾತೇ. ಸತ್ತವನಿಗೆ ಬೀದಿ ಆಡುವ ಕೊನೆಯ ಮಾತು.

ಶನಿವಾರ ಬ್ರೆಡ್ಡಿನ ಅಂಗಡಿಯಲ್ಲಿ ಎಲ್ಲರ ಬಾಯಲ್ಲೂ ಅದೇ. ಬೆರಿಲ್ ಒಳಗೆ ಬಂದಾಗ ಮಾತು ನಿಂತಿತು. ಅಂಥ ಮೌನ ಎಡ್ನಾಗೆ ಆಗಿಬರುವುದಿಲ್ಲ.

“ಅವಳೆದುರಿಗೇ ಹೇಳ್ತೀನಿ, ಬೆನ್ನ ಹಿಂದೆ ಯಾಕೆ? ನಾನು ಎಳೆಯಲ್ಲ ಕಣೇ ಬೆರಿಲ್. ನಿನ್ನ ಮೇಲೆ ನಂಗೇನೂ ಇಲ್ಲ. ಹೊಲಿಗೆ ಕೋಣೇಲಿ ಕೂತೂ ಕೂತೂ ನನ್ನ ಬೆನ್ನೇ ಬಗ್ಗಿಹೋಯ್ತು. ಕಾರ್ಖಾನೆ ಮುಚ್ಚಿದ ದಿನ ಆ ಮನುಷ್ಯ ಬಂದು ಒಂದು ಮಾತು ಹೇಳಿದ್ನಾ? ಎಡ್ನಾ, ನಿಮ್ಮಪ್ಪನ ಕೈಗಾಡೀಲಿ ನಾನು ಶುರು ಮಾಡಿದ್ದು, ಹೀಗಾಯ್ತಲ್ಲ ಅಂತ? ಅಷ್ಟು ಹೇಳಿದ್ರೆ ಸಾಕಿತ್ತು.”

“ಹೇಳ್ಬೇಕಿತ್ತು ಆಂಟಿ” ಎಂದಳು ಬೆರಿಲ್. ಬ್ರೆಡ್ಡು ತೆಗೆದುಕೊಂಡು ಬಂದಳು.

ಬೀದಿಯವರು ಎಳೆಯದಿದ್ದರೆ ಎಳೆಯದಿರಲಿ. ಅಪ್ಪ ಹುಟ್ಟಿದ ಮನೆಯ ಕಿಟಕಿಯೇ ಅವನೆದುರು ಹಾಗೇ ತೆರೆದಿರುತ್ತದೆಯೋ ಇಲ್ಲವೋ ಎಂಬುದೇ ಅವಳನ್ನು ತಿನ್ನುತ್ತಿತ್ತು. ಎಳೆದರೆ ಕೀತ್‌ಗೆ, ಅವನ ಜೊತೆ ಕೆಲಸ ಕಳೆದುಕೊಂಡವರಿಗೆ ಏನೆನ್ನಿಸೀತು? ಎಳೆಯದಿದ್ದರೆ ತನಗೆ ಮುಂದೆ ಎಂದಾದರೂ ನಿದ್ದೆ ಬಂದೀತೇ?

ಕೀತ್ ಈಗ ಬಸ್ಸು ಓಡಿಸುತ್ತಿದ್ದ. ಸಂಜೆ ಕೆಲಸದಿಂದ ಬಂದು, ಬೂಟು ಬಿಚ್ಚಿ, ಆಲೂಗಡ್ಡೆ ಸುಲಿಯುತ್ತಿದ್ದ ಹೆಂಡತಿಯ ಎದುರು ಕುಳಿತ. ಲಿಂಡ್ಸೆ ಮೇಜಿನ ತುದಿಯಲ್ಲಿ ಬಟಾಣಿ ಬಿಡಿಸುತ್ತಿದ್ದಳು.

“ನಿನ್ನ ಅಪ್ಪ. ನೀನು ಅತ್ರೆ ನಾನು ಬೇಡ ಅನ್ನಲ್ಲ” ಎಂದ ಕೀತ್. “ಆದ್ರೆ ಆ ದಿನ ನಾನು ಮರೆಯಲ್ಲ ಬೆರಿಲ್. ಕಾರ್ಖಾನೆ ಮುಚ್ಚಿದ್ದನ್ನ ಬೇಕಾದ್ರೆ ಮರೆತೇನು. ನಮ್ಮ ಗೇಟಿನ ಹತ್ರ ನಿಂತು ಹಾಗೇ ಹೋದ್ನಲ್ಲ, ಅದನ್ನ ಮರೆಯಲ್ಲ. ನೀನು ಒಳಗೆ ಕೆಟಲ್ ಇಟ್ಕೊಂಡು ಕಾಯ್ತಿದ್ದೆ. ಮೊಮ್ಮಗಳು ಕಿಟಕೀಲಿ ನಿಂತಿದ್ಲು. ಒಂದು ಸಲ ಬಾಗಿಲು ತಟ್ಟೋಕಾಗ್ಲಿಲ್ವಾ ಆ ದೊಡ್ಡ ಮನುಷ್ಯನಿಗೆ?”

ಬೆರಿಲ್‌ಳ ಕೈ ನಿಂತಿತು. ಕೀತ್ ಹೇಳುತ್ತಿದ್ದುದು ಹಿಂದಿನ ಚುನಾವಣೆಯ ದಿನಗಳ ಮಾತು. ವಿಲ್ಫ್ರೆಡ್ ಬೀದಿ ಬೀದಿ ಸುತ್ತಿ ಮನೆಮನೆಯ ಬಾಗಿಲು ತಟ್ಟುತ್ತಿದ್ದಾನೆ, ನಾಳೆ ಹೋಲ್ಟ್ ಬೀದಿ ಎಂದು ತಿಳಿದಾಗ, ಬೆರಿಲ್ ಬೀದಿಯಲ್ಲಿ ಯಾರಿಗೂ ಹೇಳದೆ ಅಪ್ಪನಿಗಿಷ್ಟವಾದ ಶುಂಠಿ ಕೇಕ್ ಮಾಡಿದ್ದಳು. ಒಳ್ಳೆಯ ಸ್ವೆಟರ್ ಹಾಕಿಕೊಂಡಿದ್ದಳು. ಸಕ್ಕರೆ ಬಟ್ಟಲು ತುಂಬಿಸಿ ಮೇಜಿನ ನಡುವೆ ಇಟ್ಟಿದ್ದಳು. ವೋಟು ಕೇಳುವ ನೆಪದಲ್ಲಾದರೂ ಬಾಗಿಲು ತಟ್ಟಲಿ, ತಟ್ಟಿದರೆ ತೆರೆಯುತ್ತೇನೆ, ಮಿಕ್ಕಿದ್ದು ತಾನೇ ಆದೀತು ಎಂದು ಬಾಗಿಲ ಹಿಂದೆ ನಿಂತಿದ್ದಳು. ಗೇಟಿನ ಹತ್ತಿರ ಹೆಜ್ಜೆಯ ಸದ್ದು ನಿಂತಿತು. ಬಹಳ ಹೊತ್ತು ನಿಂತಿತು. ಆಮೇಲೆ ಮುಂದೆ ಹೋಯಿತು. ಆ ಕೇಕನ್ನು ಅವಳು ಎಡ್ನಾಗೆ ಕೊಟ್ಟುಬಿಟ್ಟಿದ್ದಳು.

“ಅಮ್ಮಾ” ಎಂದಳು ಲಿಂಡ್ಸೆ.

“ಏನು ಕಂದ?”

ಹುಡುಗಿಯ ಬಾಯಿ ತೆರೆದೇ ಇತ್ತು. ಕೈಯಲ್ಲಿದ್ದ ಬಟಾಣಿ ಸಿಪ್ಪೆಯನ್ನು ಉದ್ದಕ್ಕೆ ಸೀಳಿದಳು. “ಏನಿಲ್ಲ.”

ಈ “ಏನಿಲ್ಲ” ಬೆರಿಲ್‌ಗೆ ಹೊಸದಲ್ಲ. ಒಂದೆರಡು ವರ್ಷಗಳಿಂದ ಹೀಗೇ. ತಲೆ ಬಾಚುವಾಗ, ಮಲಗಿಸುವಾಗ, ಟೀವಿಯಲ್ಲಿ ಅಜ್ಜನ ಮುಖ ಬಂದು ಕೀತ್ ಎದ್ದು ಆರಿಸಿದಾಗ, ಏನೋ ತುಟಿಯ ತನಕ ಬರುತ್ತದೆ, ತಿರುಗಿ ಹೋಗುತ್ತದೆ. ಒತ್ತಾಯ ಮಾಡಿದರೆ ಮೊಳಕೆ ಮುರಿದೀತು ಎಂದು ಬೆರಿಲ್ ಕೇಳುತ್ತಿರಲಿಲ್ಲ. ಸಮಯ ಬಂದಾಗ ತಾನೇ ಹೇಳುತ್ತಾಳೆ ಎಂದು ಕಾಯುತ್ತಿದ್ದಳು.

ಕೀತ್ ಎದ್ದು ಹೆಂಡತಿಯ ಹೆಗಲ ಮೇಲೆ ಕೈಯಿಟ್ಟ. “ನೋಡು, ಪರದೆ ನಾನು ಎಳೆಯಲ್ಲ. ನೀನು ಎಳೆದ್ರೆ ಅದನ್ನ ಸರಿಸೋದೂ ಇಲ್ಲ. ಇದಕ್ಕಿಂತ ಹೆಚ್ಚು ನನ್ನಿಂದ ಆಗಲ್ಲ ಕಣೇ.”

“ಗೊತ್ತು” ಎಂದಳು ಬೆರಿಲ್. ಅಷ್ಟು ಹೇಳಲು ಅವನಿಗೆ ಎಷ್ಟು ಕಷ್ಟವಾಗಿದೆ ಎಂಬುದೂ ಅವಳಿಗೆ ಗೊತ್ತಿತ್ತು.

*

ಸೋಮವಾರ ಮಿಸ್ ಕರ್ಷಾ ಮತ್ತೆ ಬಂದರು. ಮರುದಿನ ಗಾಡಿ ಯಾವ ಹೊತ್ತಿಗೆ ಬರುತ್ತದೆ ಎಂದು ಹೇಳಿ, ಕುಟುಂಬದವರ ಕಾರಿನಲ್ಲಿ ಬೆರಿಲ್‌ಗಾಗಿ ಜಾಗ ಇಟ್ಟಿರುವುದಾಗಿಯೂ ಹೇಳಿದರು. ಬೆರಿಲ್ ಚಹಾ ಕೊಟ್ಟಳು. ಲಿಂಡ್ಸೆ ಮೆಟ್ಟಿಲ ಮೇಲೆ, ಕೈಹಿಡಿಯ ಕಂಬಿಗಳ ಸಂದಿಯಲ್ಲಿ ಮುಖವಿಟ್ಟು ಕುಳಿತಿದ್ದಳು.

“ಮಿಸ್ ಕರ್ಷಾ, ಒಂದು ಮಾತು ಕೇಳ್ತೀನಿ. ಬೇಜಾರು ಮಾಡ್ಕೋಬೇಡಿ” ಎಂದಳು ಬೆರಿಲ್. “ಹಿಂದಿನ ಎಲೆಕ್ಷನ್ನಲ್ಲಿ ಅಪ್ಪ ಈ ಬೀದಿಗೆ ಬಂದಾಗ ನೀವು ಜೊತೇಲಿದ್ರಿ. ನಮ್ಮ ಗೇಟಿನ ಹತ್ರ ನಿಂತ್ರು. ಬಾಗಿಲು ತಟ್ಲಿಲ್ಲ. ಯಾಕೆ? ಅಷ್ಟು ದ್ವೇಷ ಇತ್ತಾ ನನ್ಮೇಲೆ?”

ಮಿಸ್ ಕರ್ಷಾ ಕಪ್ಪನ್ನು ಕೆಳಗಿಟ್ಟರು. ಅವರ ಮುಖದಲ್ಲಿ ನಿಜವಾದ ಆಶ್ಚರ್ಯವಿತ್ತು. “ದ್ವೇಷವಾ? ಮಿಸೆಸ್ ನಟ್ಟಲ್, ನಿಮ್ಮ ಕಿಟಕೀಲಿ ಕೆಂಪು ಪೋಸ್ಟರ್ ಇತ್ತಲ್ಲ!”

“ಪೋಸ್ಟರಾ?”

“ಲೇಬರ್ ಪಕ್ಷದ್ದು. ಎದುರು ಪಕ್ಷದ ಪೋಸ್ಟರ್ ಕಿಟಕೀಲಿದ್ರೆ ಆ ಮನೆ ಬಾಗಿಲು ನಾವು ತಟ್ಟಲ್ಲ. ಇದು ನಿಮ್ಮ ತಂದೆಯವರೇ ನಮ್ಮೆಲ್ಲರಿಗೂ ಕಲಿಸಿದ್ದು. ಆ ಮನೆಯವರು ಉತ್ತರ ಕೊಟ್ಟಾಗಿದೆ, ಮತ್ತೆ ಬಾಗಿಲು ತಟ್ಟಿ ಅವರ ಹೊಸಿಲ ಮೇಲೇ ಅವರನ್ನ ಮುಜುಗರ ಮಾಡ್ಬಾರ್ದು ಅನ್ನೋರು. ಅವತ್ತು ನಾನೇ ಹೇಳ್ದೆ, ವಿಲ್ಫ್ರೆಡ್, ಇದು ನಿಮ್ಮ ಮಗಳ ಮನೆ, ಹೋಗಿ ಅಂತ. ಅವರು ತುಂಬಾ ಹೊತ್ತು ಆ ಪೋಸ್ಟರನ್ನೇ ನೋಡ್ತಾ ನಿಂತಿದ್ರು. ಆಮೇಲೆ, ‘ಬೇಡ. ನಾನು ಬರ್ತೀನಿ ಅಂತ ಅವಳಿಗೆ ಗೊತ್ತು. ಗೊತ್ತಿದ್ದೇ ಹಾಕಿದ್ದಾಳೆ. ಅವಳ ಬಾಗಿಲಿಗೆ ಅವಳೇ ಒಡತಿ’ ಅಂದ್ರು.”

ಹೋಲ್ಟ್ ಬೀದಿಯಲ್ಲಿ ಚುನಾವಣೆ ಬಂತೆಂದರೆ ಕಿಟಕಿ ಕಿಟಕಿಗೂ ಕೆಂಪು ಪೋಸ್ಟರ್ ಬರುತ್ತದೆ, ಕ್ರಿಸ್‌ಮಸ್‌ಗೆ ಹಸಿರು ತೋರಣ ಬಂದ ಹಾಗೆ. ಯಾರೋ ತಂದುಕೊಡುತ್ತಾರೆ, ಯಾರೋ ಅಂಟಿಸುತ್ತಾರೆ. ಕೀತ್ ಒಂದು ಕಟ್ಟು ತಂದು ಮೇಜಿನ ಮೇಲಿಟ್ಟಿದ್ದ, ಅಷ್ಟು ಬೆರಿಲ್‌ಗೆ ನೆನಪಿತ್ತು. ಅದು ಕಿಟಕಿಗೆ ಯಾವಾಗ ಹೋಯಿತೋ, ಕೀತ್‌ನೇ ಅಂಟಿಸಿರಬೇಕು. ಅವಳು ಅದನ್ನು ನೋಡಿಯೂ ನೋಡಿರಲಿಲ್ಲ. ಒಳಗಿನಿಂದ ನೋಡುವವರಿಗೆ ಅದು ಬಿಳಿಯ ಕಾಗದದ ಬೆನ್ನು ಅಷ್ಟೇ. ಕೇಕ್ ಮಾಡಿದ್ದಳು, ಸಕ್ಕರೆ ತುಂಬಿಸಿದ್ದಳು, ಸ್ವೆಟರಿನ ಗುಂಡಿ ಹಾಕಿಕೊಂಡಿದ್ದಳು. ಹೊರಗೆ ಹೋಗಿ ನಿಂತು, ಬರುವವನ ಕಣ್ಣಿಂದ ತನ್ನ ಮನೆಯನ್ನು ಒಮ್ಮೆ ನೋಡಿರಲಿಲ್ಲ.

“ನಾನು ಬಾಗಿಲ ಹಿಂದೇನೇ ಇದ್ದೆ” ಎಂದಳು.

ಮಿಸ್ ಕರ್ಷಾ ಬಹಳ ಹೊತ್ತು ಕೈಗವಸಿನ ಬೆರಳುಗಳನ್ನು ಒಂದೊಂದಾಗಿ ನೇವರಿಸಿದರು. “ಈ ಬೀದೀಲಿ ನಮಗೆ ಒಂದು ವೋಟೂ ಇಲ್ಲ. ಬರೋದು ದಂಡ ಅಂತ ಪ್ರತಿ ಸಲ ಹೇಳ್ತಿದ್ದೆ. ಆದ್ರೂ ಬರ್ತಿದ್ರು. ಬೇರೆ ಬೀದಿಗೆ ಹುಡುಗರನ್ನ ಕಳಿಸೋರು, ಇಲ್ಲಿಗೆ ತಾವೇ ಬರೋರು. ಅವತ್ತು ಕಿಟಕೀಲಿ ನಿಮ್ಮ ಮಗಳು ನಿಂತು ಕೈ ಬೀಸಿದ್ಲು. ಅವರು ಟೊಪ್ಪಿ ತೆಗೆದ್ರು. ಕಾರಿಗೆ ಹೋಗೋ ತನಕ ಅದನ್ನ ಮತ್ತೆ ಹಾಕ್ಕೊಳ್ಳಲಿಲ್ಲ. ‘ಆ ಮಗು ಎಡಗಾಲಿನ ಮೇಲೆ ಭಾರ ಹಾಕಿ ನಿಲ್ಲುತ್ತೆ, ಅವರಮ್ಮನ ಹಾಗೇ’ ಅಂದ್ರು. ನಂಗೆ ಅರ್ಥ ಆಗ್ಲಿಲ್ಲ.”

ಮೆಟ್ಟಿಲ ಮೇಲೆ ಏನೋ ಸದ್ದಾಯಿತು. ಬೆರಿಲ್ ತಿರುಗಿ ನೋಡಿದಾಗ ಅಲ್ಲಿ ಯಾರೂ ಇರಲಿಲ್ಲ. ಮೇಲಿನ ಕೋಣೆಯ ಬಾಗಿಲು ಮೆಲ್ಲನೆ ಮುಚ್ಚಿಕೊಂಡಿತು.

*

ಮಂಗಳವಾರ ಮೋಡ ಕವಿದಿತ್ತು. ಕೀತ್ ರಜೆ ಹಾಕಿರಲಿಲ್ಲ, ಮಧ್ಯಾಹ್ನದ ಪಾಳಿಗೆ ಬದಲಾಯಿಸಿಕೊಂಡಿದ್ದ. ಬಸ್ಸಿನ ಸಮವಸ್ತ್ರ ಹಾಕಿಕೊಂಡು ಹಿಂದಿನ ಅಡುಗೆಮನೆಯಲ್ಲಿ ಬೆನ್ನು ತಿರುಗಿಸಿ ನಿಂತು, ತೊಳೆದಿಟ್ಟ ಕಪ್ಪನ್ನೇ ಮತ್ತೆ ತೊಳೆಯುತ್ತಿದ್ದ.

ಕುಟುಂಬದವರ ಕಾರಿನಲ್ಲಿ ಕೂರುವುದು ಬೇಡವೆಂದು ಬೆರಿಲ್ ಹೇಳಿ ಕಳಿಸಿದ್ದಳು. ಮನೆಗೆ ಬರುವವನನ್ನು ಮನೆಯಲ್ಲೇ ಇದ್ದು ಕಾಣಬೇಕು, ಆಮೇಲೆ ಹಿಂದೆ ನಡೆದುಕೊಂಡು ಹೋದರಾಯಿತು ಎಂದಿದ್ದಳು. ಕಪ್ಪು ಕೋಟು ಹಾಕಿಕೊಂಡು ಮುಂದಿನ ಕೋಣೆಗೆ ಬಂದು, ಹೊರಗೆ ನೋಡಿದಳು.

ಬೀದಿಯ ಕಿಟಕಿಗಳು ಒಂದೊಂದು ಒಂದೊಂದು ಥರ. ಮೂಲೆಮನೆಯದು ಎಳೆದಿತ್ತು, ಅದರ ಪಕ್ಕದ್ದು ತೆರೆದಿತ್ತು, ಒಳಗೆ ದೀಪವೂ ಹಾಕಿತ್ತು. ಆಚೆ ಸಾಲಿನಲ್ಲಿ ಮುಚ್ಚಿದ್ದಕ್ಕಿಂತ ತೆರೆದದ್ದೇ ಹೆಚ್ಚು. ಎಡ್ನಾಳ ಕಿಟಕಿಯಲ್ಲಿ ಪರದೆ ಅರ್ಧಕ್ಕೆ ಬಂದು ನಿಂತಿತ್ತು. ಎಡ್ನಾ ಹೊಸಿಲ ಮೇಲೆ ಕೈಕಟ್ಟಿ ನಿಂತಿದ್ದಳು. ಬೆರಿಲ್‌ಳ ಕಣ್ಣು ತನ್ನ ಮೇಲೆ ಬಿದ್ದದ್ದು ಕಂಡು, ಗಾಜಿನಾಚೆಗೂ ಕೇಳುವಷ್ಟು ಗಟ್ಟಿಯಾಗಿ ಹೇಳಿದಳು:

“ಅರ್ಧ ಅವನಮ್ಮನಿಗೆ ಕಣೇ! ನಂಗೆ ಹೊಲಿಗೆ ಕಲಿಸಿದ ಪುಣ್ಯಾತ್ಗಿತ್ತಿ. ಕೈಗಾಡಿ ವಾಪಸ್ ಕೊಟ್ಟಿದ್ರೆ ಪೂರ್ತಿ ಎಳೀತಿದ್ದೆ!” ಎಂದವಳು ಏಪ್ರನ್ನಿನ ತುದಿಯಿಂದ ಮೂಗು ಒರೆಸಿಕೊಂಡಳು.

ಬೆರಿಲ್ ತನ್ನ ಪರದೆಯ ಅಂಚು ಹಿಡಿದಳು. ಕಂದು ಬಣ್ಣದ ಹಳೆಯ ಪರದೆ, ಅಜ್ಜಿಯ ಕಾಲದ್ದು. ಒಂದು ಬದಿ ಎಳೆದಳು. ಇನ್ನೊಂದು ಬದಿಯನ್ನೂ ಎಳೆದಳು. ಕೋಣೆ ಮಂಕಾಯಿತು. ಅಡುಗೆಮನೆಯಲ್ಲಿ ನೀರಿನ ಸದ್ದು ನಿಂತಿತು.

ಪರದೆ ಎಳೆದದ್ದು ಬೀದಿಗೆ. ಅಪ್ಪನಿಗೆ ಬೇಕಾಗಿದ್ದದ್ದು ಬೇರೆ. ಬೆರಿಲ್ ಹೋಗಿ ಮುಂಬಾಗಿಲಿನ ಚಿಲಕ ತೆಗೆದಳು. ಗೋಡೆಗೆ ತಾಗುವವರೆಗೂ ಬಾಗಿಲನ್ನು ತೆರೆದು, ಅದು ಮುಚ್ಚಿಕೊಳ್ಳದ ಹಾಗೆ ಶುಕ್ರವಾರದ ಆ ಬಕೆಟ್ಟನ್ನು ಅಡ್ಡ ಇಟ್ಟಳು. ಯಾರೂ ತಟ್ಟಬೇಕಾಗಿರಲಿಲ್ಲ.

ತಿರುವಿನಲ್ಲಿ ಗಾಡಿ ಕಾಣಿಸಿತು. ಉದ್ದ ಟೊಪ್ಪಿಯ ಮನುಷ್ಯನೊಬ್ಬ ಅದರ ಮುಂದೆ ನಿಧಾನವಾಗಿ ನಡೆದು ಬರುತ್ತಿದ್ದ. ಗಾಡಿಯ ಗಾಜಿನೊಳಗೆ ಬಿಳಿ ಹೂಗಳಿದ್ದವು. ಪಕ್ಷದ ಬಣ್ಣದ್ದೇನೂ ಇರಲಿಲ್ಲ. ಅದೂ ಅವನದೇ ಮಾತಿರಬೇಕು. ಮನೆಯ ಮುಂದೆ ಬಂದು ಗಾಡಿ ನಿಂತಿತು. ಟೊಪ್ಪಿಯವನು ತಿರುಗಿ, ತೆರೆದ ಬಾಗಿಲಿಗೆ ತಲೆಬಾಗಿಸಿದ.

ಬೆರಿಲ್ ಹೊಸಿಲ ಒಳಗೇ ನಿಂತಿದ್ದಳು. ಅಂದು ನಿಂತಿದ್ದದ್ದೂ ಇಲ್ಲೇ. ಅಂದು ನಡುವೆ ಒಂದು ಹಲಗೆಯಿತ್ತು. ಅಪ್ಪಾ, ಎಡಗಾಲು ಎಂದು ಅವಳ ತುಟಿ ತಾನಾಗಿ ಅಂದಿತು. ಎಡಗಾಲೇ ಹೆಚ್ಚು ಖುಷಿಯಾಗಿದೆ. ಹೆಗಲ ಹಿಂದೆ ಯಾರೋ ಬಂದು ನಿಂತದ್ದು ತಿಳಿಯಿತು. ಕೀತ್. ಅವನು ಹೊರಗೆ ನೋಡುತ್ತಿರಲಿಲ್ಲ, ನೆಲ ನೋಡುತ್ತಿದ್ದ. ಬಸ್ಸಿನ ಟೊಪ್ಪಿ ಅವನ ಕೈಯಲ್ಲಿತ್ತು.

ಒಂದು ಗಳಿಗೆ ಕಳೆಯಿತು. ಗಾಡಿ ಮೆಲ್ಲಗೆ ಮುಂದೆ ಸರಿಯಿತು.

“ಲಿಂಡ್ಸೆ ಎಲ್ಲಿ?” ಎಂದ ಕೀತ್.

ಬೆರಿಲ್ ಮಂಕು ಕೋಣೆಗೆ ತಿರುಗಿ ಬಂದಳು. ಪರದೆಯ ಕೆಳಗೆ ಎರಡು ಪುಟ್ಟ ಕಪ್ಪು ಬೂಟುಗಳು ಕಾಣುತ್ತಿದ್ದವು. ಪರದೆಗೂ ಗಾಜಿಗೂ ನಡುವಿನ ಆ ಸಂದಿಯಲ್ಲಿ ಹುಡುಗಿ ಗೋಡೆಗೊತ್ತಿ ನಿಂತುಬಿಟ್ಟಿದ್ದಳು. ಎಷ್ಟು ಹೊತ್ತಿನಿಂದ ಇದ್ದಳೋ. ಗಾಜನ್ನು ಉಗುರಿನಿಂದ ಕೆರೆಯುವ ಸದ್ದು ಕೇಳುತ್ತಿತ್ತು.

ಬೆರಿಲ್ ಪರದೆ ಸರಿಸಲಿಲ್ಲ. ಅದರೊಳಗೆ ನುಗ್ಗಿ ಮಗಳ ಪಕ್ಕದಲ್ಲಿ ಮಂಡಿಯೂರಿದಳು. ಅಷ್ಟು ಇಕ್ಕಟ್ಟಿನಲ್ಲಿ ಇಬ್ಬರ ಉಸಿರೂ ಗಾಜಿನ ಮೇಲೆ ಮಸುಕಾಗಿ ಕೂತಿತು. ಹುಡುಗಿಯ ಉಗುರಿನ ತುದಿಯಲ್ಲಿ ರಕ್ತ ಜಿನುಗಿತ್ತು. ಮೂಲೆಯ ಆ ಕಂದು ಕಲೆ ಹಾಗೇ ಇತ್ತು.

“ಬಿಡು ಕಂದ, ಅದು ಹೋಗಲ್ಲ. ಇರ್ಲಿ ಬಿಡು.” 

ಬೆರಿಲ್ ಆ ಪುಟ್ಟ ಕೈಯನ್ನು ತನ್ನ ಅಂಗೈಯೊಳಗೆ ಮುಚ್ಚಿಕೊಂಡಳು. ಹೊರಗೆ ಗಾಡಿಯ ಹಿಂದಿನ ಗಾಜು ಬೀದಿಯ ಕೊನೆಯಲ್ಲಿ ಒಮ್ಮೆ ಮಿಂಚಿ ತಿರುಗಿತು. ಎಡ್ನಾ ತನ್ನ ಹೊಸಿಲ ಮೇಲೆ ಇನ್ನೂ ನಿಂತಿದ್ದಳು.

“ಅಮ್ಮಾ” ಎಂದಳು ಲಿಂಡ್ಸೆ.

ಬೆರಿಲ್ ಏನೆಂದು ಕೇಳಲಿಲ್ಲ. ಕಾದಳು.

“ಆ ಪೋಸ್ಟರ್ ಅಪ್ಪ ಅಂಟಿಸಿದ್ದಲ್ಲ ಅಮ್ಮ. ನಾನು ಅಂಟಿಸಿದ್ದು. ಎಲ್ಲರ ಮನೇಲೂ ಇತ್ತು, ನಮ್ಮನೇಲಿ ಮಾತ್ರ ಇರ್ಲಿಲ್ಲ. ಅಜ್ಜ ಬರ್ತಾರೆ ಅಂತ ನೀನು ಕೇಕ್ ಮಾಡ್ತಿದ್ದೆ, ಮನೆ ಚೆಂದ ಕಾಣ್ಲಿ ಅಂತ ಅಂಟಿಸಿದೆ.” ಅವಳು ಉಸಿರು ಎಳೆದುಕೊಂಡಳು. “ನಾನು ಅದನ್ನ ಅಂಟಿಸದೇ ಇದ್ದಿದ್ರೆ, ಅಜ್ಜ ಒಳಗೆ ಬರ್ತಿದ್ರಾ?”